ತಡೆಯಾಜ್ಞೆಯಲ್ಲಿದ್ದ ಜೋಗುಳ

ನನಗೆ ಸಮನ್ಸ್ ತಂದ ಕೋರ್ಟ್ ಅಮೀನ ನನ್ನ ಕೈಯಲ್ಲೇ ಹುಟ್ಟಿದವನು. ಇಪ್ಪತ್ತೆಂಟು ವರ್ಷದ ಕೆಳಗೆ ಕಾಲು ಮುಂದಾಗಿ ಬಂದು ಹೆತ್ತವಳನ್ನೂ ನನ್ನನ್ನೂ ಒಂದು ಹಗಲೆಲ್ಲ ಗೋಳುಹೊಯ್ದುಕೊಂಡಿದ್ದ. ಈಗ ಬಾಗಿಲಲ್ಲಿ ಚಪ್ಪಲಿ ಬಿಟ್ಟು, ತಲೆ ತಗ್ಗಿಸಿ ನಿಂತು, "ತಪ್ಪು ತಿಳ್ಕೋಬೇಡಿ ಸಿಸ್ಟರ್, ಡ್ಯೂಟಿ," ಎಂದು ಕಾಗದ ಮುಂದೆ ಹಿಡಿದ. ನಾನು ರುಜು ಹಾಕಿಕೊಟ್ಟು ಒಂದು ಲೋಟ ಮಜ್ಜಿಗೆ ಕೊಟ್ಟೆ. ನಮ್ಮೂರಲ್ಲಿ ಮಕ್ಕಳ ಸ್ಪರ್ಧೆಗೆ ತೀರ್ಪುಗಾರರಾದವರ ಮನೆಗೆ ಸಮನ್ಸ್ ಬರುವುದು ಮದುವೆ ಮನೆಗೆ ವಾಲಗದವರು ಬಂದಷ್ಟೇ ಸಹಜ. ಬರದಿದ್ದರೆ ಏನೋ ಊನವಾಯಿತು ಎಂದುಕೊಳ್ಳುತ್ತಾರೆ ಜನ.

ಶಾಲಾ ಮಕ್ಕಳ ಕಲಾಸ್ಪರ್ಧೆಯ ಫಲಿತಾಂಶ ನಮ್ಮಲ್ಲಿ ಕೋರ್ಟಿನ ಮೊಹರು ಬೀಳುವ ತನಕ ಫಲಿತಾಂಶವಲ್ಲ. ಅಲ್ಲಿಯವರೆಗೆ ಸ್ಪರ್ಧೆಗಿಟ್ಟದ್ದೆಲ್ಲ ಯಥಾಸ್ಥಿತಿಯಲ್ಲಿರಬೇಕು. ಹೆಣ್ಣುಮಕ್ಕಳ ಹೈಸ್ಕೂಲಿನ ಅಂಗಳದಲ್ಲಿ ಎಂಟು ವರ್ಷದ ಹಿಂದೆ ಬಿಟ್ಟ ಒಂದು ರಂಗೋಲಿಗೆ ತಗಡಿನ ಚಪ್ಪರ ಹಾಕಿದ್ದಾರೆ, ಪಕ್ಕದಲ್ಲಿ ಒಬ್ಬ ಪೇದೆ ಸ್ಟೂಲಿನ ಮೇಲೆ ಕೂತಿರುತ್ತಾನೆ, ಮಕ್ಕಳು ಅದರ ಸುತ್ತ ಬಳಸಿಕೊಂಡು ಖೊಖೊ ಆಡುತ್ತಾರೆ. ಹಾಡಿನ ಮೇಲೆ ಕೇಸು ಬಿದ್ದರೆ ಆ ಹಾಡನ್ನು ಹಾಡಿದ ಮಗುವಾಗಲಿ ಅದರ ಮನೆಯವರಾಗಲಿ ಎಲ್ಲೂ ಹಾಡುವಂತಿಲ್ಲ. ಹಸೆಗೆ ಕರೆಯುವ ಹಾಡು ಕೇಸಿನಲ್ಲಿದ್ದ ಮನೆಯ ಮದುವೆಯಲ್ಲಿ ಹೆಂಗಸರು ಸುಮ್ಮನೆ ಬಾಯಾಡಿಸುತ್ತಾರೆ, ಕೂತವರು ಮನಸ್ಸಿನಲ್ಲೇ ರಾಗ ತುಂಬಿಕೊಳ್ಳುತ್ತಾರೆ. ಕೋರ್ಟು ಬೀದಿಯಲ್ಲಿ ಗೆಜ್ಜೆ, ಚೌರಿ, ಮುಖದ ಬಣ್ಣ ಮಾರುವ ಅಂಗಡಿಗಳು ಸ್ಟಾಂಪ್ ಪೇಪರನ್ನೂ ಇಟ್ಟಿರುತ್ತವೆ. ಒಬ್ಬ ವಕೀಲರ ಬೋರ್ಡಿನ ಮೇಲೆ "ಭರತನಾಟ್ಯ, ಏಕಪಾತ್ರಾಭಿನಯ ಮತ್ತು ಜಾಗದ ತಕರಾರು" ಎಂದು ಬರೆದಿದೆ. ಇದನ್ನೆಲ್ಲ ನಾವು ಹುಟ್ಟಿದಾಗಿನಿಂದ ನೋಡಿದವರು.

ನಾನು ಹಾಡುಗಾರ್ತಿಯಲ್ಲ. ನನ್ನ ಹೆಸರು ಪುಟ್ಟತಾಯಮ್ಮ, ಮೂವತ್ತೊಂದು ವರ್ಷ ಸರ್ಕಾರಿ ಆಸ್ಪತ್ರೆಯ ಹೆರಿಗೆ ವಾರ್ಡಿನಲ್ಲಿ ನರ್ಸಾಗಿದ್ದವಳು. ಸಂಗೀತ ಬಲ್ಲವರು ನಮ್ಮೂರಲ್ಲಿ ಬಹಳ ಇದ್ದಾರೆ, ಆದರೆ ಅವರೆಲ್ಲ ಒಂದಲ್ಲ ಒಂದು ಸಲ ಕಟಕಟೆ ಹತ್ತಿ ಇಳಿದವರಾದ್ದರಿಂದ ಸ್ಪರ್ಧೆಯ ಕಾಲ ಬಂತೆಂದರೆ ಮಗಳ ಮನೆಗೋ ತೀರ್ಥಯಾತ್ರೆಗೋ ಹೊರಟುಬಿಡುತ್ತಾರೆ. ಹಾಗಾಗಿ ಚಿತ್ರಕಲೆಗೆ ಸುಣ್ಣಬಣ್ಣದ ಗುತ್ತಿಗೆದಾರರನ್ನೂ, ಭಾಷಣಕ್ಕೆ ಬಸ್ ಸ್ಟ್ಯಾಂಡಿನಲ್ಲಿ ಕೂಗಿ ಹೇಳುವವರನ್ನೂ ಕರೆಯುವುದು ರೂಢಿ. ಹೈಸ್ಕೂಲು ವಿಭಾಗದ ಜೋಗುಳ ಸ್ಪರ್ಧೆಗೆ ಯಾರು ಎಂಬ ಮಾತು ಬಂದಾಗ ಶಿಕ್ಷಣ ಇಲಾಖೆಯವರಿಗೆ ನನ್ನ ಹೆಸರು ಹೊಳೆದದ್ದು ಹೀಗೆ. ಅಷ್ಟು ಕೂಸುಗಳನ್ನು ಕಂಡವಳಿಗೆ ಜೋಗುಳ ತಿಳಿಯದೆ ಇರುತ್ತದೆಯೇ ಎಂದರು. ನಿಜ ಹೇಳಬೇಕೆಂದರೆ ವಾರ್ಡಿನಲ್ಲಿ ನಾನು ಜೋಗುಳಕ್ಕಿಂತ ಬೈಗುಳ ಕೇಳಿದ್ದೇ ಹೆಚ್ಚು. ಆದರೂ ನಿವೃತ್ತಿಯಾಗಿ ಮೂರು ವರ್ಷ ಮನೆಯಲ್ಲಿ ಕೂತು ಬೇಸತ್ತಿದ್ದೆ. ಯಾರೋ ಕರೆದರಲ್ಲ ಎಂಬ ಖುಷಿಗೆ ಒಪ್ಪಿಕೊಂಡೆ.

ಒಂದು ವಿಷಯ ಇಲ್ಲೇ ಹೇಳಿಬಿಡಬೇಕು. ನಿವೃತ್ತಿಯಾದ ದಿನದಿಂದ ನನಗೆ ನಿದ್ದೆ ಕೈಕೊಟ್ಟಿತ್ತು. ಪಾಳಿಯ ಮೇಲೆ ಪಾಳಿ ಮಾಡಿದ ಮೈಗೆ ಯಾವಾಗ ಮಲಗಬೇಕೆಂಬುದೇ ಮರೆತುಹೋಗಿತ್ತೋ ಏನೋ. ಗಸಗಸೆ ಪಾಯಸ ಕುಡಿದೆ, ಅಂಗಾಲಿಗೆ ಹರಳೆಣ್ಣೆ ತಿಕ್ಕಿದೆ, ಡಾಕ್ಟರು ಕೊಟ್ಟ ಮಾತ್ರೆ ನುಂಗಿದೆ. ಏನೂ ಆಗಲಿಲ್ಲ.

ಸ್ಪರ್ಧೆ ಟೌನ್ ಹಾಲಿನಲ್ಲಿ. ವೇದಿಕೆಯ ಮೇಲೆ ಒಂದು ಮರದ ತೊಟ್ಟಿಲು, ಅದರಲ್ಲಿ ಬಟ್ಟೆಯ ಗೊಂಬೆ. ಹನ್ನೊಂದು ಹುಡುಗಿಯರು, ಒಬ್ಬೊಬ್ಬರಿಗೆ ಐದು ನಿಮಿಷ. ನನ್ನ ಕೈಯಲ್ಲಿ ಅಂಕಪಟ್ಟಿ: ಶ್ರುತಿ, ಲಯ, ಸಾಹಿತ್ಯ, ಭಾವ, ವೇಷಭೂಷಣ, ಒಂದೊಂದಕ್ಕೂ ಇಪ್ಪತ್ತು. ಊಟಕ್ಕೆ ಮುಂಚೆ ಆರು ಜನ ಹಾಡಿದರು. ಅವರಲ್ಲಿ ಇಂಚರಾ ಎಂಬ ಹುಡುಗಿ, ಊರಿನ ದಂತವೈದ್ಯ ಡಾಕ್ಟರ್ ಗುಣಶೇಖರ್ ಅವರ ಮಗಳು, ಐದು ವರ್ಷ ಸಂಗೀತ ಕಲಿತವಳು, ರೇಷ್ಮೆ ಲಂಗ ಉಟ್ಟು ಬಂದು ಹಾಲಿನ ಕಿಟಕಿಗಳೆಲ್ಲ ನಡುಗುವಂತೆ ಹಾಡಿದಳು. ಗೊಂಬೆಗೆ ಜೀವವಿದ್ದಿದ್ದರೆ ಎದ್ದು ಕೂರುತ್ತಿತ್ತು. ಆದರೆ ಶ್ರುತಿ ಶ್ರುತಿಯೇ, ಲಯ ಲಯವೇ. ಎಂಬತ್ತೆಂಟು ಕೊಟ್ಟೆ.

ಊಟವಾದ ಮೇಲೆ ಮೊದಲು ಬಂದವಳು ಮಾದೇವಿ. ಸರ್ಕಾರಿ ಶಾಲೆಯ ಒಂಬತ್ತನೇ ಕ್ಲಾಸು, ತೊಳೆದು ಬಿಳಚಿದ ಯೂನಿಫಾರ್ಮು. ಮೈಕಿನ ಕಡೆ ನೋಡಲೇ ಇಲ್ಲ. ನೆಲದ ಮೇಲೆ ಕೂತು, ಒಂದು ಕೈಯಲ್ಲಿ ತೊಟ್ಟಿಲಿನ ಅಂಚು ಹಿಡಿದು, ಪಕ್ಕದ ಮನೆಗೂ ಕೇಳಬಾರದು ಎನ್ನುವ ಹಾಗೆ ಶುರು ಮಾಡಿದಳು. ಮೊದಲ ಸಾಲು ನನಗೆ ನೆನಪಿದೆ. ಎರಡನೆಯ ಸಾಲಿನ ಅರ್ಧ ನೆನಪಿದೆ. ಆಮೇಲೆ ಗಂಟೆ ಹೊಡೆಯಿತು.

ಮಧ್ಯದ ನಾಲ್ಕು ಮುಕ್ಕಾಲು ನಿಮಿಷ ನಾನು ಲೋಕದಲ್ಲಿರಲಿಲ್ಲ. ಮೂರು ವರ್ಷ ಬಾರದಿದ್ದ ನಿದ್ದೆ ಕುರ್ಚಿಯ ಮೇಲೆ, ನೆಟ್ಟಗೆ ಕೂತಲ್ಲೇ ಬಂದುಬಿಟ್ಟಿತ್ತು. ಹದಿನೈದು ದಿನದ ಹಿಂದೆ ಕಣ್ಣಿನ ಪೊರೆ ತೆಗೆಸಿಕೊಂಡಿದ್ದರಿಂದ ಕಪ್ಪು ಕನ್ನಡಕ ಹಾಕಿದ್ದೆ, ಯಾರಿಗೂ ಗೊತ್ತಾಗಲಿಲ್ಲ. ಹುಡುಗಿ ಎದ್ದು ಕೈಮುಗಿದು ಹೋದಳು. ಆಗಲೇ ಎದ್ದು, ನಾನು ಮಲಗಿಬಿಟ್ಟೆ, ಇನ್ನೊಂದು ಸಲ ಹಾಡಿಸಿ ಎನ್ನಬೇಕಿತ್ತು. ಇನ್ನೂರು ಜನರ ಮುಂದೆ ಬಾಯಿ ಬರಲಿಲ್ಲ. ಹೆಚ್ಚು ಕೊಟ್ಟರೆ ಯಾಕೆ ಎಂದು ಕೇಳುತ್ತಾರೆ, ಕಡಿಮೆ ಕೊಟ್ಟರೂ ಕೇಳುತ್ತಾರೆ ಎಂದು ಲೆಕ್ಕ ಹಾಕಿ ಅರವತ್ತೆರಡು ಬರೆದೆ. ಯಾರ ಕಣ್ಣಿಗೂ ಬೀಳದ ಅಂಕ ಅದು.

ಮೇಲ್ಮನವಿ ಹಾಕಿದ್ದು ಮಾದೇವಿಯಲ್ಲ, ಅವಳ ಶಾಲೆಯ ಹೆಡ್‌ಮಾಸ್ಟರು. ವರ್ಷಕ್ಕೆ ನಾಲ್ಕು ಮೇಲ್ಮನವಿಯಾದರೂ ಇಲ್ಲದ ಶಾಲೆಯನ್ನು ನಮ್ಮೂರಲ್ಲಿ ಶಾಲೆ ಎನ್ನುವುದಿಲ್ಲ. ಅವಳ ಪರವಾಗಿ ವಕೀಲೆ ಶಶಿರೇಖಾ ನಿಂತರು. ಮೊದಲ ಬಹುಮಾನ ಬಂದಿದ್ದ ಇಂಚರಾಳ ಕಡೆಗೆ ಅವಳ ತಂದೆ ಹಿಡಿದದ್ದು ಪದ್ಮನಾಭಯ್ಯನವರನ್ನು. ಜಾನಪದದಲ್ಲಿ ಅವರನ್ನು ಮೀರಿಸಿದವರಿಲ್ಲ ಎಂದು ಪ್ರತೀತಿ. ಮನವಿಯಲ್ಲಿ ಹದಿನಾಲ್ಕು ಕಾರಣಗಳಿದ್ದವು. ಗಂಟೆ ಹನ್ನೆರಡು ಸೆಕೆಂಡು ಮೊದಲೇ ಹೊಡೆದಿದೆ, ಗೊಂಬೆ ಬೋರಲಾಗಿ ಮಲಗಿತ್ತು, ಊಟದ ಮುಂಚಿನವರಿಗೆ ತೊಟ್ಟಿಲ ಹಗ್ಗ ಬಿಗಿಯಾಗಿತ್ತು ನಂತರದವರಿಗೆ ಸಡಿಲವಾಗಿತ್ತು, ಅಂಕಪಟ್ಟಿಯಲ್ಲಿ ಎರಡರ ಬಾಲ ಸೊನ್ನೆಗೆ ತಾಗಿದೆ. ನಾನು ಆ ಪ್ರತಿಯನ್ನು ಎರಡು ಸಲ ಓದಿದೆ. ತೀರ್ಪುಗಾರ್ತಿ ಹಾಡು ಕೇಳಿದಳೇ ಇಲ್ಲವೇ ಎಂಬ ಮಾತು ಎಲ್ಲೂ ಇರಲಿಲ್ಲ.

ವಾಯಿದೆಯ ಮೇಲೆ ವಾಯಿದೆ ಬಿತ್ತು. ಒಮ್ಮೆ ಗಂಟೆ ಹೊಡೆದವನು ಬರಲಿಲ್ಲ, ಒಮ್ಮೆ ಗೊಂಬೆಯನ್ನು ಹಾಜರುಪಡಿಸಲಿಲ್ಲ, ಒಮ್ಮೆ ಕೋಲಾಟದ ಕೇಸಿನವರು ಇಪ್ಪತ್ತನಾಲ್ಕು ಜನ ಕೋಲು ಸಮೇತ ಬಂದು ಜಾಗವೇ ಇಲ್ಲವಾಯಿತು. ಪ್ರತಿ ಸಲವೂ ನಾನು ಹೋಗಿ ವರಾಂಡದ ಬೆಂಚಿನ ಮೇಲೆ ಕೂರುತ್ತಿದ್ದೆ. ಎದುರು ಬೆಂಚಿನಲ್ಲಿ ಮಾದೇವಿ, ಅವಳ ತಾಯಿ ಸಣ್ಣಮ್ಮ, ಈಚೆ ಬದಿಯಲ್ಲಿ ಇಂಚರಾ. ಸಣ್ಣಮ್ಮ ಒಂದು ಹಾಸ್ಟೆಲಿನಲ್ಲಿ ಪಾತ್ರೆ ತೊಳೆಯುವವಳು. ಮಗಳನ್ನು ಒಬ್ಬಳೇ ಕೋರ್ಟಿಗೆ ಕಳಿಸಲು ಮನಸ್ಸಿಲ್ಲದೆ ಪ್ರತಿ ಸಲ ಯಾರನ್ನೋ ಬದಲಿಗೆ ನಿಲ್ಲಿಸಿ ಬರುತ್ತಿದ್ದಳು. ಆ ಹಾಡು ಅವಳ ಅತ್ತೆಯದಂತೆ. ಮುದುಕಿ ತನ್ನ ಮಕ್ಕಳನ್ನೂ ಮೊಮ್ಮಕ್ಕಳನ್ನೂ ಅದರಲ್ಲೇ ಮಲಗಿಸಿದ್ದಳಂತೆ. ಕೇಸು ನಡೆಯುತ್ತಿರುವಾಗಲೇ ಅವಳು ತೀರಿಕೊಂಡಳು. ಹನ್ನೊಂದನೇ ದಿನ ಒಂದು ಸಲ ಹಾಡೋಣವೆಂದರೆ ತಡೆಯಾಜ್ಞೆ. ಹೆಡ್‌ಮಾಸ್ಟರು ಖುದ್ದಾಗಿ ಬಂದು ಬಾಗಿಲಲ್ಲಿ ನಿಂತು, ದುಡುಕಬೇಡಿ, ಗೆಲ್ಲುವ ಕೇಸು, ಎಂದು ಹೇಳಿ ಹೋದರಂತೆ. ಇದನ್ನು ಹೇಳುವಾಗ ಸಣ್ಣಮ್ಮನ ದನಿಯಲ್ಲಿ ದೂರಿರಲಿಲ್ಲ. ಮಳೆ ಬಂತು, ಬಟ್ಟೆ ಒಣಗಲಿಲ್ಲ ಎನ್ನುವ ಹಾಗಿತ್ತು. ನನಗೆ ಅದನ್ನೇ ತಡೆಯಲಾಗಲಿಲ್ಲ.

ಮಾದೇವಿ ನನ್ನೊಡನೆ ಮಾತಾಡುತ್ತಿರಲಿಲ್ಲ. ಕಕ್ಷಿದಾರರು ಸಾಕ್ಷಿಯ ಜೊತೆ ಮಾತಾಡಬಾರದು ಎಂದು ವಕೀಲೆ ಹೇಳಿಕೊಟ್ಟಿದ್ದರು. ಒಂದು ದಿನ ತಾಯಿ ನೀರು ಕುಡಿಯಲು ಹೋದಾಗ ಎದ್ದು ನನ್ನ ಬಳಿ ಬಂದಳು.

"ಸಿಸ್ಟರ್, ಒಂದು ಕೇಳ್ಲಾ?" ಎಂದಳು. "ಅರವತ್ತೆರಡು ಯಾಕೆ?"

ಅವಳ ಮುಖದಲ್ಲಿ ಸಿಟ್ಟಿರಲಿಲ್ಲ. ಲೆಕ್ಕದಲ್ಲಿ ತಪ್ಪು ಎಲ್ಲಾಯಿತೆಂದು ಕೇಳುವ ಮಗುವಿನ ಹಾಗೆ ನಿಂತಿದ್ದಳು. ಎಲ್ಲಿ ತಪ್ಪಿದೆ ಎಂದು ಹೇಳಿದರೆ ತಿದ್ದಿಕೊಳ್ಳುತ್ತೇನೆ, ಅಜ್ಜಿ ಕಲಿಸಿದ್ದು ಬೇರೆ ಥರ ಇತ್ತಾ, ನಾನೇ ಏನಾದರೂ ಬಿಟ್ಟೆನಾ ಎಂದಳು. ಇಷ್ಟು ದಿನ ಇಬ್ಬರು ವಕೀಲರು, ಇಬ್ಬರು ಗುಮಾಸ್ತರು ಕೇಳದಿದ್ದ ಪ್ರಶ್ನೆಯನ್ನು ಅವಳು ಕೇಳಿದ್ದಳು. ನಾನು ಕೆಮ್ಮಿದೆ. ಅಷ್ಟರಲ್ಲಿ ಸಣ್ಣಮ್ಮ ಬಂದಳು, ನಾನು ಬಚಾವಾದೆ. ಬಚಾವಾದೆ ಎಂದುಕೊಂಡೆನಲ್ಲ, ಅದಕ್ಕೆ ಮನೆಗೆ ಹೋಗುವ ದಾರಿಯುದ್ದಕ್ಕೂ ನಾಚಿಕೆಯಾಯಿತು.

ಮರುದಿನ ವಕೀಲೆ ಶಶಿರೇಖಾ ಅವರ ಆಫೀಸಿಗೆ ಹೋಗಿ ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಅವರು ಬಾಗಿಲು ಹಾಕಿಕೊಂಡು ಬಂದು ಕೂತರು. ಇದನ್ನು ಕೋರ್ಟಿನಲ್ಲಿ ಹೇಳಿದರೆ ಕೇಸು ಗೆದ್ದರೂ ಗೆಲ್ಲಬಹುದು, ಆದರೆ ಮತ್ತೆ ಮೊದಲಿಂದ ಶುರುವಾಗುವ ಸಾಧ್ಯತೆಯೇ ಜಾಸ್ತಿ ಎಂದು ನಿಧಾನವಾಗಿ ವಿವರಿಸಿದರು. ಹೇಳದಿದ್ದರೆ ಮನವಿ ವಜಾ ಆಗುತ್ತದೆ, ಹುಡುಗಿ ಸೋಲುತ್ತಾಳೆ, ಆದರೆ ತಡೆಯಾಜ್ಞೆ ತೆರವಾಗಿ ಹಾಡು ಅವಳ ಮನೆಗೆ ವಾಪಸು ಬರುತ್ತದೆ. "ವಕೀಲಳಾಗಿ ಹೇಳಿ ಅಂತೀನಿ. ಹೆಂಗಸಾಗಿ ಬೇಡ ಅಂತೀನಿ. ಆಮೇಲೆ ನಿಮ್ಮಿಷ್ಟ," ಎಂದರು.

ಕಟಕಟೆ ಹತ್ತುವ ದಿನ ಬರುವ ತನಕ ನಾನು ಸುಳ್ಳನ್ನೇ ಹೇಳುವುದೆಂದು ನಿಶ್ಚಯಿಸಿದ್ದೆ. ಹುಡುಗಿಗೆ ಹಾಡು ಸಿಕ್ಕಿದರೆ ಸಾಕು, ನನ್ನ ಆತ್ಮಸಾಕ್ಷಿಯನ್ನು ನಾನು ನೋಡಿಕೊಳ್ಳುತ್ತೇನೆ ಎಂದುಕೊಂಡಿದ್ದೆ. ನ್ಯಾಯಾಧೀಶರು ಬೇಸಿಗೆಯಲ್ಲೂ ಸ್ವೆಟರ್ ಹಾಕಿಕೊಳ್ಳುವ ಸಣಕಲು ಮನುಷ್ಯ. ಹಾಡು ಕುಣಿತದ ಕೇಸುಗಳ ನಡುವೆ ಹನ್ನೆರಡು ವರ್ಷ ಕೂತು ಅವರ ಮುಖ ಒಂದೇ ತೂಕಕ್ಕೆ ಬಂದು ನಿಂತಿತ್ತು. ಪಾಟೀಸವಾಲು ಶುರುವಾಯಿತು. ಪದ್ಮನಾಭಯ್ಯನವರು ಗೊಂಬೆಯನ್ನು ತೋರಿಸಿ, ಇದೇ ಗೊಂಬೆಯೇ ಎಂದರು. ಇದೇ ಎಂದೆ. ನಿಮಗೂ ಕಕ್ಷಿದಾರರಿಗೂ ನೆಂಟಸ್ತಿಕೆ ಇದೆಯೇ ಎಂದರು. ಇಬ್ಬರೂ ಹುಡುಗಿಯರು ನನ್ನ ಕೈಯಲ್ಲೇ ಹುಟ್ಟಿದವರು ಎಂದೆ. ಯಾರು ಮೊದಲು ಅತ್ತದ್ದು ಎಂದು ಅವರು ಕೇಳಿದ್ದಕ್ಕೆ ನ್ಯಾಯಾಧೀಶರು ಆ ಪ್ರಶ್ನೆಯನ್ನು ಕೈಬಿಡಿಸಿದರು. ಭಾವಕ್ಕೆ ಹನ್ನೆರಡು ಕೊಟ್ಟಿದ್ದೀರಿ, ಹದಿಮೂರು ಯಾಕಿಲ್ಲ ಎಂದು ಶಶಿರೇಖಾ ಕೇಳಿದರು. ಅದಕ್ಕೆ ಉತ್ತರ ಹುಡುಕುತ್ತ ತಲೆಯೆತ್ತಿದರೆ ಎದುರಿಗೆ ಮಾದೇವಿ ಕೂತಿದ್ದಳು. ತಾನು ಎಲ್ಲಿ ತಪ್ಪಿದೆ ಎಂಬುದು ಈಗ ಗೊತ್ತಾಗುತ್ತದೆ ಎಂಬಂತೆ ಮುಂದಕ್ಕೆ ಬಾಗಿದ್ದಳು. ನಾನು ಯಾವ ತಪ್ಪನ್ನು ಕಟ್ಟಿ ಹೇಳಿದರೂ ಆ ಹುಡುಗಿ ಅದನ್ನು ನಂಬಿ, ಬದುಕಿರುವ ತನಕ ಹಾಡಿನಲ್ಲಿ ಆ ಜಾಗ ಬಂದಾಗಲೆಲ್ಲ ಹೆದರುತ್ತಾಳೆ ಎನ್ನಿಸಿತು.

"ನಾನು ಆ ಹಾಡು ಕೇಳಲಿಲ್ಲ ಸ್ವಾಮಿ," ಎಂದೆ. "ಎರಡನೇ ಸಾಲಿಗೆ ನಿದ್ದೆ ಹೋದೆ. ಅರವತ್ತೆರಡು ಅನ್ನೋದು ನಾನು ಸುಮ್ಮನೆ ಬರೆದದ್ದು. ಹುಡುಗಿಯದು ಏನೂ ತಪ್ಪಿಲ್ಲ."

ಮಾದೇವಿ ಬಾಯಿಗೆ ಕೈ ಅಡ್ಡ ಹಿಡಿದಳು. ಅಳುತ್ತಿದ್ದಾಳೆ ಎಂದುಕೊಂಡೆ, ನೋಡಿದರೆ ನಗುತ್ತಿದ್ದಳು. ಅಷ್ಟರಲ್ಲಿ ಇಬ್ಬರು ವಕೀಲರೂ ಒಟ್ಟಿಗೆ ಎದ್ದಿದ್ದರು. ಶಶಿರೇಖಾ ಅವರ ವಾದ, ಜೋಗುಳದ ಉದ್ದೇಶವೇ ನಿದ್ದೆ, ಹನ್ನೊಂದು ಜನರಲ್ಲಿ ತೀರ್ಪುಗಾರ್ತಿಯನ್ನೇ ಮಲಗಿಸಿದವಳು ಒಬ್ಬಳೇ, ಆದ್ದರಿಂದ ನೂರಕ್ಕೆ ನೂರು ಕೊಡಬೇಕು ಎಂದು. ಪದ್ಮನಾಭಯ್ಯನವರು ನನ್ನ ಕಡೆ ತಿರುಗಿದರು. ಆ ದಿನ ಏನು ಊಟ ಮಾಡಿದಿರಿ ಎಂದು ಕೇಳಿದರು. ಬಿಸಿಬೇಳೆಬಾತು, ಮೊಸರನ್ನ ಎಂದೆ. ಮೊಸರನ್ನ ಎಷ್ಟು ಸಲ ಬಡಿಸಿಕೊಂಡಿರಿ ಎಂದರು. ಎರಡು ಸಲ ಎಂದೆ. ಅವರು ಗೆದ್ದವರ ಹಾಗೆ ಪೀಠದ ಕಡೆ ನೋಡಿ, ನಿಮ್ಮ ನಿದ್ದೆಗೆ ಮೊಸರನ್ನವೇ ಕಾರಣ ಎಂದು ನಾನು ಸೂಚಿಸುತ್ತೇನೆ ಎಂದರು.

"ಮೊಸರನ್ನ ದಿನಾ ತಿಂತೀನಿ ಸಾರ್," ಎಂದೆ. "ರಿಟೈರಾದ ಮೇಲೆ ನಿದ್ದೆ ಬಂದದ್ದು ಅವತ್ತೊಂದೇ ದಿನ."

ನ್ಯಾಯಾಧೀಶರು ಬರೆಯುವುದನ್ನು ನಿಲ್ಲಿಸಿದರು. ಆಮೇಲೆ ಅಂಕಪಟ್ಟಿಯನ್ನು ಕೈಗೆತ್ತಿಕೊಂಡು, ನಿದ್ದೆ ಎಂಬುದು ಇದರಲ್ಲಿ ಯಾವ ಕಾಲಮ್ಮಿಗೆ ಸೇರುತ್ತದೆ ಎಂದು ಇಬ್ಬರು ವಕೀಲರನ್ನೂ ಕೇಳಿದರು. ಇಬ್ಬರೂ ಸಮಯ ಕೇಳಿದರು.

ಎರಡು ತಿಂಗಳ ಮೇಲೆ ತೀರ್ಪು ಬಂತು. ಐವತ್ತಮೂರು ಪುಟ. ತೀರ್ಪುಗಾರ್ತಿ ನಿದ್ರಿಸಿದ್ದು ಸ್ಪರ್ಧಿಯ ಯಶಸ್ಸೋ ತೀರ್ಪುಗಾರ್ತಿಯ ಲೋಪವೋ ಎಂಬುದನ್ನು ಹಾಲಿ ದಾಖಲೆಗಳಿಂದ ನಿರ್ಣಯಿಸಲು ಸಾಧ್ಯವಿಲ್ಲ. ಹಾಗಾಗಿ ಅಂಕಪಟ್ಟಿಯೇ ರದ್ದು, ಇಂಚರಾಳ ಪ್ರಥಮ ಬಹುಮಾನವೂ ರದ್ದು. ಸ್ಪರ್ಧೆಯನ್ನು ಹೊಸದಾಗಿ ನಡೆಸತಕ್ಕದ್ದು. ಇನ್ನು ಮುಂದೆ ಜೋಗುಳ ಸ್ಪರ್ಧೆಯ ತೀರ್ಪುಗಾರರು ಆದ್ಯಂತ ನಿಂತಿರತಕ್ಕದ್ದು, ಅವರು ಎಚ್ಚರವಿರುವುದನ್ನು ಎರಡು ನಿಮಿಷಕ್ಕೊಮ್ಮೆ ಆರೋಗ್ಯ ನಿರೀಕ್ಷಕರು ಖಚಿತಪಡಿಸತಕ್ಕದ್ದು. ಪುಟ್ಟತಾಯಮ್ಮ ಎಂಬುವವರನ್ನು ತೀರ್ಪುಗಾರರ ಪಟ್ಟಿಯಿಂದ ಕಾಯಂ ಆಗಿ ತೆಗೆಯಲಾಗಿದೆ. ಹೊಸ ಸ್ಪರ್ಧೆ ನಡೆದು ಮೊಹರು ಬೀಳುವ ತನಕ ಹನ್ನೊಂದು ಹಾಡುಗಳ ಮೇಲೂ ಯಥಾಸ್ಥಿತಿ ಮುಂದುವರಿಯತಕ್ಕದ್ದು. ನಿಂತು ತೀರ್ಪು ಕೊಡಲು ಊರಲ್ಲಿ ಒಬ್ಬರೂ ಒಪ್ಪಲಿಲ್ಲ.

ಸಣ್ಣಮ್ಮ ಕೋರ್ಟಿನ ಮೆಟ್ಟಿಲಲ್ಲಿ ನನ್ನನ್ನು ಕಂಡು ನಿಂತಳು. "ನೀವು ನಿಜ ಹೇಳಿದ್ದು ಸರಿ ಸಿಸ್ಟರ್," ಎಂದಳು. "ಆದ್ರೆ ನಮ್ಮನೇಲಿ ಕೂಸು ಮಲಗ್ತಾ ಇಲ್ಲ." ಅವಳ ದೊಡ್ಡ ಮಗಳು ಬಾಣಂತನಕ್ಕೆ ಬಂದವಳು ಇನ್ನೂ ಗಂಡನ ಮನೆಗೆ ಹೋಗಿರಲಿಲ್ಲ. ಎಂಟು ತಿಂಗಳ ಮಗು, ಹಲ್ಲು ಬರುವ ಸಮಯ, ಹಿಡಿದರೆ ಅಳು, ಬಿಟ್ಟರೆ ಅಳು.

ಒಂದು ಭಾನುವಾರ ಮಧ್ಯಾಹ್ನ ಬಿಸ್ಕತ್ತಿನ ಪೊಟ್ಟಣ ತೆಗೆದುಕೊಂಡು ಅವರ ಬೀದಿಗೆ ಹೋದೆ. ಕ್ಷಮೆ ಕೇಳುವುದೆಂದುಕೊಂಡಿದ್ದೆ. ಬೀದಿಯ ತುದಿಯಿಂದಲೇ ಕೂಸಿನ ಅಳು ಕೇಳುತ್ತಿತ್ತು. ಎದುರು ಮನೆಯ ಟೈಲರ್ ಖಾದರ್ ಮಿಷನ್ ಬಿಟ್ಟು ಬಾಗಿಲಿಗೆ ಬಂದು ನಿಂತಿದ್ದ. ಪಕ್ಕದ ಮನೆಯ ಹೆಂಗಸು ಮೊರದಲ್ಲಿ ಅಕ್ಕಿ ಹಿಡಿದುಕೊಂಡು ಒಳಗೆ ಹೋಗಲೂ ಮನಸ್ಸಿಲ್ಲದೆ ಜಗಲಿಯಲ್ಲಿ ಕೂತಿದ್ದಳು. ಒಳಗೆ ಹೋದರೆ ಚಾಪೆಯ ಮೇಲೆ ಮಾದೇವಿಯ ಪಕ್ಕ ಇಂಚರಾ ಕೂತಿದ್ದಾಳೆ. ಕೋರ್ಟಿನ ವರಾಂಡದಲ್ಲಿ ಒಂದೂವರೆ ವರ್ಷ ಎದುರುಬದುರು ಕೂತು ಇಬ್ಬರಿಗೂ ಸ್ನೇಹ ಬೆಳೆದಿತ್ತಂತೆ. ತನ್ನ ಹಾಡಿಗೂ ತಡೆ ಬಿದ್ದು, ಹಾಡದೆ ಹಾಡದೆ ಅರ್ಧ ಮರೆತೇಹೋಗಿದೆ ಎಂದು ಇಂಚರಾ ನನ್ನ ಹತ್ತಿರ ಮೆಲ್ಲಗೆ ಹೇಳಿದಳು. ಗೆದ್ದವಳ ಕಷ್ಟವನ್ನು ಯಾರೂ ಕೇಳಿರಲಿಲ್ಲ.

ಮಗುವನ್ನು ಸಣ್ಣಮ್ಮ ಆಡಿಸಿದಳು, ಅದರ ತಾಯಿ ಹೆಗಲ ಮೇಲೆ ಹಾಕಿಕೊಂಡು ತಿರುಗಿದಳು, ನಾನು ಮೂವತ್ತೊಂದು ವರ್ಷದ ಅನುಭವವನ್ನೆಲ್ಲ ಉಪಯೋಗಿಸಿ ಹೊಟ್ಟೆ ನೀವಿದೆ. ಅಳು ಏರುತ್ತಲೇ ಹೋಗಿ ಕೂಸಿನ ತುಟಿ ನೀಲಿಗಟ್ಟತೊಡಗಿತು. ಮಾದೇವಿ ಎದ್ದು ಬಂದು ಮಗುವನ್ನು ನನ್ನ ಕೈಯಿಂದ ತೆಗೆದುಕೊಂಡಳು. ಯಾರನ್ನೂ ಕೇಳಲಿಲ್ಲ. ಬಾಗಿಲು ಹಾಕಲೂ ಇಲ್ಲ. ನೆಲದ ಮೇಲೆ ಕಾಲು ಚಾಚಿ ಕೂತು, ಕಾಲ ಮೇಲೆ ಕೂಸನ್ನು ಮಲಗಿಸಿಕೊಂಡು ಶುರು ಮಾಡಿದಳು.

ಈ ಸಲ ನಾನು ಕನ್ನಡಕ ತೆಗೆದಿಟ್ಟು, ಗೋಡೆಗೆ ಒರಗದೆ, ಕೈ ಚಿವುಟಿಕೊಂಡು ನಿಂತೆ. ಮೊದಲ ನುಡಿಯಲ್ಲಿ ಕೂಸಿಗೆ ಅವರಜ್ಜಿಯ ಊರಿನ ಹಳ್ಳ ತೋರಿಸುತ್ತಾರೆ, ಎರಡನೆಯದರಲ್ಲಿ ಒಬ್ಬೊಬ್ಬರಾಗಿ ನೆಂಟರು ಬಂದು ಏನೋ ಕೊಟ್ಟು ಹೋಗುತ್ತಾರೆ, ಮೂರನೆಯದರಲ್ಲಿ ಯಾರೂ ಇಲ್ಲ, ಊರೆಲ್ಲ ಬರಿದು, ಕೂಸೊಂದೇ. ನಾಲ್ಕನೆಯದರಲ್ಲಿ ಎಲ್ಲರೂ ಮತ್ತೆ ಬಂದು ಸದ್ದು ಮಾಡದೆ ಸುತ್ತ ಕೂರುತ್ತಾರೆ. ಇಷ್ಟು ಅದರಲ್ಲಿದೆ ಎಂದು ನನಗೆ ಆಗ ಗೊತ್ತಾಯಿತು. ಖಾದರ್ ಹೊಸ್ತಿಲ ಹತ್ತಿರಕ್ಕೆ ಬಂದು ತಲೆ ಬಾಗಿಸಿ ಕೇಳುತ್ತಿದ್ದ. ಜಗಲಿಯ ಹೆಂಗಸು ಮೊರ ಕೆಳಗಿಟ್ಟಿದ್ದಳು. ಕೂಸಿನ ಮುಷ್ಟಿ ಬಿಚ್ಚಿಕೊಂಡಿತು.

ಬೀದಿಯ ಆಚೆ ಬದಿಯಲ್ಲಿ ಡಾಕ್ಟರ್ ಗುಣಶೇಖರ್ ಅವರ ಕಾರು ನಿಂತಿದ್ದನ್ನು ನಾವು ನೋಡಿದ್ದು ಆಮೇಲೆ. ಮಗಳನ್ನು ಹುಡುಕಿಕೊಂಡು ಬಂದಿದ್ದರು. ನಾಲ್ಕನೇ ದಿನ ಅದೇ ಅಮೀನ ನನ್ನ ಬಾಗಿಲಿಗೆ ಬಂದ. ಈ ಸಲ ಡಾಕ್ಟರು ಹಾಕಿದ ನ್ಯಾಯಾಂಗ ನಿಂದನೆಯ ಅರ್ಜಿ. ಸಾಬೀತಾದರೆ ಮಾದೇವಿ ಮೂರು ವರ್ಷ ಯಾವ ಶಾಲೆಯ ಯಾವ ವೇದಿಕೆಯನ್ನೂ ಹತ್ತುವಂತಿಲ್ಲ, ಹಾಡು ಕಾಯಂ ಆಗಿ ಕೋರ್ಟಿನ ವಶಕ್ಕೆ ಹೋಗುತ್ತದೆ. ವಶಕ್ಕೆ ಹೋದ ಹಾಡುಗಳನ್ನು ಒಂದು ರಿಜಿಸ್ಟರಿನಲ್ಲಿ ಬರೆದು ಬೀರುವಿನಲ್ಲಿಡುತ್ತಾರೆ. ಅವು ಅಲ್ಲಿಂದ ಹೊರಗೆ ಬಂದದ್ದನ್ನು ನಾನಂತೂ ಕಂಡಿಲ್ಲ.

ವಿಚಾರಣೆಯ ದಿನ ಡಾಕ್ಟರು ಮೊದಲು ಕಟಕಟೆ ಹತ್ತಿದರು. ಆ ಹುಡುಗಿ ಹಾಡುತ್ತಿದ್ದುದನ್ನು ಕಂಡೆ ಎಂದರು. ಕೇಳಿದಿರಾ ಎಂದು ಶಶಿರೇಖಾ ಕೇಳಿದರು. ಸೆಕೆಯಿದ್ದದ್ದರಿಂದ ಕಾರಿನ ಗಾಜು ಏರಿಸಿ ಏಸಿ ಹಾಕಿದ್ದೆ, ತುಟಿ ಅಲ್ಲಾಡುವುದು ಕಂಡಿತು ಎಂದರು. ತುಟಿ ಅಲ್ಲಾಡಿಸುವುದಕ್ಕೆ ನಮ್ಮ ಮದುವೆಗಳಲ್ಲಿ ಮೊದಲಿಂದಲೂ ಅನುಮತಿಯಿದೆ. ಹಾಗಾಗಿ ಕಿವಿಯಾರೆ ಕೇಳಿದ ಸಾಕ್ಷಿ ಬೇಕಾಯಿತು, ಪದ್ಮನಾಭಯ್ಯನವರು ಬೀದಿಯವರನ್ನೆಲ್ಲ ಕರೆಸಿದ್ದರು.

ಖಾದರ್ ಪ್ರಮಾಣ ಮಾಡಿ, ಮಧ್ಯಾಹ್ನದ ಹೊತ್ತು ಸ್ವಾಮಿ, ಮಿಷನ್ ಮೇಲೆ ತಲೆಯಿಟ್ಟು ಮಲಗಿಬಿಟ್ಟಿದ್ದೆ, ಏನೂ ಕೇಳಲಿಲ್ಲ ಎಂದ. ಜಗಲಿಯ ಹೆಂಗಸು, ಅಕ್ಕಿ ಆರಿಸ್ತಾ ಆರಿಸ್ತಾ ಕಣ್ಣು ಹತ್ತಿಬಿಟ್ಟಿತು ಎಂದಳು. ಇನ್ನೂ ಮೂವರು ಬಂದರು, ಮೂವರೂ ಮಲಗಿದ್ದರು. ಯಾರೂ ಕೂಡಿ ಮಾತಾಡಿಕೊಂಡು ಬಂದದ್ದಲ್ಲ, ಒಬ್ಬರನ್ನು ನೋಡಿ ಒಬ್ಬರಿಗೆ ಧೈರ್ಯ ಬಂತು ಅಷ್ಟೆ. ಇಂಚರಾಳನ್ನು ಕರೆದಾಗ ಅವಳ ತಂದೆ ಮುಂದೆ ಸರಿದು ಕೂತರು. ಹುಡುಗಿ ಸ್ಪಷ್ಟವಾಗಿ, ಸಂಗೀತ ಕಲಿತವರ ದನಿಯಲ್ಲಿ, "ನಾನೂ ಮಲಗಿದ್ದೆ," ಎಂದಳು. ಅಪ್ಪನ ಕಡೆ ನೋಡಲಿಲ್ಲ.

ಕೊನೆಗೆ ನಾನು. ಹಿಂದಿನ ಸಲ ಇದೇ ಜಾಗದಲ್ಲಿ ನಿಂತು ನಿಜ ಹೇಳಿ ಒಂದು ಮನೆಯ ಹಾಡನ್ನು ಇನ್ನಷ್ಟು ದಿನ ಕಟ್ಟಿಹಾಕಿಸಿದ್ದೆ. ಮೂವತ್ತೊಂದು ವರ್ಷ ಕೇಸ್ ಶೀಟಿನಲ್ಲಿ ಹುಟ್ಟಿದ ನಿಮಿಷ ತಪ್ಪು ಬರೆದವಳಲ್ಲ ನಾನು. ಪದ್ಮನಾಭಯ್ಯನವರು ಏನೂ ಪೀಠಿಕೆ ಹಾಕದೆ, ಆ ಮಧ್ಯಾಹ್ನ ನೀವು ಏನು ಕೇಳಿದಿರಿ ಎಂದರು. ಎಲ್ಲ ನುಡಿಗಳೂ ನನ್ನ ತಲೆಯಲ್ಲಿ ಸಾಲಾಗಿ ನಿಂತಿದ್ದವು.

"ಏನೂ ಕೇಳಲಿಲ್ಲ ಸಾರ್," ಎಂದೆ. "ನಿದ್ದೆ ಬಂದಿತ್ತು."

"ಮತ್ತೆ ನಿದ್ದೆಯೇ?" ಎಂದರು ನ್ಯಾಯಾಧೀಶರು. ಹನ್ನೆರಡು ವರ್ಷದಲ್ಲಿ ಅವರು ಸಾಕ್ಷಿಯನ್ನು ತಾವಾಗಿ ಕೇಳಿದ್ದು ಅದೊಂದೇ ಪ್ರಶ್ನೆ ಎಂದು ಗುಮಾಸ್ತರು ಆಮೇಲೆ ಹೇಳಿದರು. ಹೌದು, ಮತ್ತೆ ನಿದ್ದೆ ಎಂದೆ. ಅವರು ಕನ್ನಡಕ ತೆಗೆದು ಸ್ವೆಟರಿನ ತುದಿಯಲ್ಲಿ ಒರೆಸಿಕೊಂಡರು. ಹಾಡು ಹಾಡಲಾಯಿತು ಎಂಬುದಕ್ಕೆ ಎಚ್ಚರವಿದ್ದ ಸಾಕ್ಷಿ ಒಂದೂ ಇಲ್ಲವಾದ್ದರಿಂದ ಅರ್ಜಿ ವಜಾ ಎಂದು ಅರ್ಧ ಪುಟದಲ್ಲಿ ಬರೆಸಿದರು. ಆಮೇಲೆ ಊರಲ್ಲಿ ಒಂದೊಂದಾಗಿ ತಡೆಯಾಜ್ಞೆಯ ಹಾಡುಗಳು ಹೊರಬಿದ್ದದ್ದು, ಹಸೆಯ ಮುಂದೆ ಹೆಂಗಸರು ಗಂಟಲೆತ್ತಿ ಹಾಡುವಾಗ ಮದುವೆಗೆ ಬಂದವರೆಲ್ಲ ಶಿಸ್ತಾಗಿ ಕಣ್ಣು ಮುಚ್ಚಿ ಕೂರತೊಡಗಿದ್ದು ಎಲ್ಲರಿಗೂ ತಿಳಿದದ್ದೇ. ಹೊಸ ಸ್ಪರ್ಧೆ ಇನ್ನೂ ನಡೆದಿಲ್ಲ.

ಆ ದಿನ ನಾನು ಯಾರ ಮುಖವನ್ನೂ ನೋಡದೆ ಮೆಟ್ಟಿಲಿಳಿದು ಬೇಗ ಬೇಗ ಹೊರಟಿದ್ದೆ. ಗೇಟಿನ ಹತ್ತಿರ ಮಾದೇವಿ ಓಡಿಬಂದು ಸೇರಿಕೊಂಡಳು.

"ನಿಜವಾಗ್ಲೂ ನಿದ್ದೆ ಹೋಗಿದ್ರಾ ಸಿಸ್ಟರ್?"

"ಇಲ್ಲ ಕಣವ್ವ. ಕೊನೇ ತನಕ ಕೇಳ್ದೆ."

ಅವಳು ನನ್ನ ಜೊತೆಗೆ ಗೇಟು ದಾಟಿದಳು. ಆಮೇಲೆ, "ಹೆಂಗಿತ್ತು?" ಎಂದು ಕೇಳಿದಳು.

ಚೆನ್ನಾಗಿತ್ತು ಎನ್ನಲು ಬಾಯಿ ತೆರೆದವಳು ತಡೆದೆ. ಅಷ್ಟು ಹೇಳಿದರೆ ಅದು ಇನ್ನೊಂದು ಅರವತ್ತೆರಡು ಎನ್ನಿಸಿತು. ಹಾಡನ್ನು ಮೊದಲಿಂದ ಮನಸ್ಸಿನಲ್ಲೇ ಒಂದು ಸಲ ನಡೆಸಿಕೊಂಡು ಬಂದೆ. "ಮೂರನೇ ನುಡೀಲಿ ಅವಸರ ಮಾಡ್ದೆ," ಎಂದೆ. "ಊರೆಲ್ಲ ಬರಿದು ಅಂತ ಬರುತ್ತಲ್ಲ, ಅಲ್ಲೊಂದು ಉಸಿರು ನಿಲ್ಲಬೇಕಿತ್ತು. ನೀನು ನಿಲ್ಲದೆ ಮುಂದಕ್ಕೆ ಹೋಗ್ಬಿಟ್ಟೆ."

ಅವಳು ನಿಂತುಬಿಟ್ಟಳು. ಬೇಜಾರಾಯಿತೇನೋ ಎಂದು ನನಗೆ ದಿಗಿಲಾಯಿತು. ತುಟಿ ಅಲ್ಲಾಡಿಸುತ್ತ, ಸದ್ದಿಲ್ಲದೆ ಆ ಸಾಲನ್ನು ಹೇಳಿಕೊಂಡಳು, ಇನ್ನೊಂದು ಸಲ ಹೇಳಿಕೊಂಡಳು.

"ಹೌದು ಸಿಸ್ಟರ್," ಎಂದಳು. ಮುಖ ಅರಳಿತ್ತು. "ನಮ್ಮಜ್ಜಿನೂ ಅಲ್ಲೇ ಬಯ್ತಿತ್ತು."